ಅಬಕಾರಿ ಜಪ್ತಿ ವಾಹನಗಳ ಬಿಡುಗಡೆ

ಅಕ್ರಮ ಮದ್ಯ ಸಾಗಿಸುವಾಗ ಸಿಕ್ಕಿಬಿದ್ದ ಲಾರಿ, ಕಾರು, ಬೈಕುಗಳನ್ನು ಮೊಕದ್ದಮೆ ಮುಗಿಯುವ ಮೊದಲೇ ಷರತ್ತಿನ ಮೇಲೆ ಮಾಲೀಕರ ವಶಕ್ಕೆ ಕೊಡಿಸುವ ನ್ಯಾಯಾಲಯದ ಆದೇಶ. ಕೋರ್ಟಿನ ಆವರಣದಲ್ಲಿ ಇದಕ್ಕೆ ‘ಗಾಡಿ ಬಿಡಿಸೋದು’ ಎಂದೇ ಹೆಸರು. ಸಿಗುವುದು ಮಧ್ಯಂತರ ಸುಪರ್ದಿ ಮಾತ್ರ. ಕರೆದಾಗ ಗಾಡಿಯನ್ನು ತಂದು ಹಾಜರುಪಡಿಸಬೇಕು, ಮಾರಬಾರದು, ಬಣ್ಣ ಬದಲಿಸಬಾರದು.

ಇದರ ಬೇರು ಅಬಕಾರಿ ಕಾನೂನಿನಲ್ಲಿಲ್ಲ, ದಂಡ ಪ್ರಕ್ರಿಯಾ ಸಂಹಿತೆಯಲ್ಲಿದೆ. ಜಪ್ತಿಯಾದ ಸ್ವತ್ತನ್ನು ಮ್ಯಾಜಿಸ್ಟ್ರೇಟರು ವಿಲೇವಾರಿ ಮಾಡುವ ಅಧಿಕಾರ 1898ರ ಸಂಹಿತೆಯಲ್ಲೇ ಇತ್ತು. 1973ರ ಸಂಹಿತೆಯಲ್ಲಿ ಅದು 451 ಮತ್ತು 457ನೇ ಕಲಂಗಳಾಯಿತು. ಆ ಅಧಿಕಾರವನ್ನು ಹೇಗೆ ಬಳಸಬೇಕೆಂದು ಸುಪ್ರೀಂ ಕೋರ್ಟ್ ಹೇಳಿದ ಮೊದಮೊದಲ ಪ್ರಕರಣಗಳಲ್ಲೊಂದು ನಮ್ಮ ನೆಲದ್ದೇ. ಕಳವಾಗಿ ಸಿಕ್ಕಿದ್ದ ಮಹಿಳೆಯೊಬ್ಬರ ಒಡವೆಗಳು ಪೊಲೀಸರ ಸುಪರ್ದಿಯಲ್ಲಿದ್ದಾಗಲೇ ಮಾಯವಾಗಿದ್ದವು. ಅವುಗಳ ಬೆಲೆಯನ್ನು ಸರ್ಕಾರವೇ ತೆರಬೇಕೆಂದು 1977ರಲ್ಲಿ ಮೈಸೂರು ರಾಜ್ಯದ ವಿರುದ್ಧ ತೀರ್ಪು ಬಂತು. ಅಗತ್ಯಕ್ಕಿಂತ ಒಂದು ದಿನವೂ ಹೆಚ್ಚು ಸ್ವತ್ತನ್ನು ಹಿಡಿದಿಟ್ಟುಕೊಳ್ಳಬಾರದು ಎಂಬ ತತ್ವ ಹೀಗೆ ನೆಲೆಯೂರಿತು.

ವಾಹನಗಳಿಗೆ ಇದು ಗಟ್ಟಿಯಾಗಿ ಅನ್ವಯವಾದದ್ದು ಸುಪ್ರೀಂ ಕೋರ್ಟಿನ 2002ರ ಸುಂದರಭಾಯಿ ದೇಸಾಯಿ ಪ್ರಕರಣದಲ್ಲಿ. ಅದರ ಆರೋಪಿಗಳು ಪೊಲೀಸರೇ. ಠಾಣೆಯ ಮುದ್ದೆಮಾಲನ್ನು, ಅಂದರೆ ಜಪ್ತಿಯಾದ ಸ್ವತ್ತನ್ನು, ದುರುಪಯೋಗ ಮಾಡಿಕೊಂಡರೆಂಬುದು ಅವರ ಮೇಲಿದ್ದ ದೂರು. ವಾಹನಗಳನ್ನು ಠಾಣೆಯಲ್ಲಿ ವರ್ಷಗಟ್ಟಲೆ ನಿಲ್ಲಿಸುವುದರಿಂದ ಯಾರಿಗೂ ಲಾಭವಿಲ್ಲ, ಪಂಚನಾಮೆ ಬರೆದು, ಫೋಟೊ ತೆಗೆದು, ಬಾಂಡ್ ಮತ್ತು ಜಾಮೀನು ಪಡೆದು ಬಿಟ್ಟುಬಿಡಿ, ಹದಿನೈದು ದಿನದಿಂದ ಒಂದು ತಿಂಗಳೊಳಗೆ ಇತ್ಯರ್ಥ ಮಾಡಿ ಎಂಬುದು ಆ ತೀರ್ಪಿನ ಸಾರ. ಠಾಣೆಯ ಹಿತ್ತಿಲನ್ನು ಒಮ್ಮೆ ನೋಡಿದವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ: ಟೈರು ನೆಲ ಕಚ್ಚಿ, ಬಾನೆಟ್ಟಿನೊಳಗಿಂದ ಬಳ್ಳಿ ಹಬ್ಬಿದ ಗಾಡಿಗಳು; ಅತ್ತ ಮಾಲೀಕ ಕಂತು ಕಟ್ಟುತ್ತಲೇ ಇರುತ್ತಾನೆ.

ಆದರೆ ಅಬಕಾರಿ ಗಾಡಿಗೆ ಇನ್ನೊಂದು ಬಾಗಿಲಿದೆ, ತೊಡಕು ಇರುವುದೂ ಅಲ್ಲೇ. 1965ರ ಕರ್ನಾಟಕ ಅಬಕಾರಿ ಕಾಯ್ದೆಯಲ್ಲಿ ವಾಹನವನ್ನು ಮುಟ್ಟುಗೋಲು ಹಾಕುವ ಅಧಿಕಾರ ಇಲಾಖೆಯ ಅಧಿಕೃತ ಅಧಿಕಾರಿಗೂ ಉಂಟು. ಆತ ಮೊದಲು ಕಾರಣ ಕೇಳುವ ನೋಟಿಸ್ ಕೊಡಬೇಕು. ತನಗೆ ತಿಳಿಯದಂತೆ ಗಾಡಿ ಬಳಕೆಯಾಗಿದೆ, ತಕ್ಕ ಎಚ್ಚರಿಕೆಯನ್ನೂ ವಹಿಸಿದ್ದೆ ಎಂದು ಮಾಲೀಕ ತೋರಿಸಿಕೊಟ್ಟರೆ ಗಾಡಿ ಉಳಿಯುತ್ತದೆ. ಗೋವಾದಲ್ಲಿ ಮದ್ಯ ಅಗ್ಗ. ಅದರ ಗಡಿಯಲ್ಲಿರುವ ಕಾರವಾರದ ಮಾಜಾಳಿ ತನಿಖಾ ಠಾಣೆಯಲ್ಲಿ ಚಾಲಕನ ಸೀಟಿನ ಹಿಂದೆ ಬಾಟಲಿ ಸಿಕ್ಕಾಗ, ದೂರದೂರಿನ ಲಾರಿ ಮಾಲೀಕ ಹೇಳುವುದೂ ಇದನ್ನೇ. ಕೆಲವರದು ನಿಜ, ಕೆಲವರದು ನೆಪ.

ಕೋರ್ಟಿನ ಕೈಯನ್ನೇ ಕಟ್ಟಿಹಾಕಿದ ರಾಜ್ಯಗಳೂ ಇವೆ. 2009ರ ದೆಹಲಿ ಅಬಕಾರಿ ಕಾಯ್ದೆಯ 61ನೇ ಕಲಂ ಇರುವಾಗ ಮ್ಯಾಜಿಸ್ಟ್ರೇಟರು ವಾಹನ ಬಿಡುವಂತಿಲ್ಲ ಎಂದು 2014ರಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಸುಂದರಭಾಯಿ ತೀರ್ಪನ್ನು ಹಿಡಿದು ಹೊರಟ ಎಷ್ಟೋ ಅರ್ಜಿಗಳು ಈ ಬಗೆಯ ಗೋಡೆಗೆ ಬಡಿದು ನಿಂತಿವೆ. 2016ರಲ್ಲಿ ಪಾನನಿಷೇಧ ತಂದ ಬಿಹಾರ ಮುಟ್ಟುಗೋಲನ್ನು ಜಿಲ್ಲಾಧಿಕಾರಿಗೆ ವಹಿಸಿತು. ಗಾಡಿಗಳು ರಾಶಿ ಬಿದ್ದವು, ಪಟ್ನಾ ಹೈಕೋರ್ಟಿನಲ್ಲಿ ರಿಟ್ ಅರ್ಜಿಗಳೂ ರಾಶಿ ಬಿದ್ದವು. ಕೊನೆಗೆ ದಂಡ ಕಟ್ಟಿಸಿಕೊಂಡು ಬಿಡುವ ದಾರಿಯನ್ನು 2022ರ ತಿದ್ದುಪಡಿ ತೆರೆಯಿತು. ಮೊದಲೇ ಮಾಡಬಹುದಾಗಿದ್ದ ಕೆಲಸ.

1973ರ ಸಂಹಿತೆಯ ಜಾಗದಲ್ಲಿ 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 497ನೇ ಕಲಂ ಪ್ರಕಾರ ಸ್ವತ್ತು ಹಾಜರಾದ 14 ದಿನಗಳೊಳಗೆ ಅದರ ವಿವರಪಟ್ಟಿ ಸಿದ್ಧವಾಗಬೇಕು, ಫೋಟೊ, ವಿಡಿಯೊ ಆಗಬೇಕು, ಆಮೇಲೆ 30 ದಿನಗಳಲ್ಲಿ ವಿಲೇವಾರಿ ಆದೇಶ ಹೊರಡಬೇಕು. ಅಬಕಾರಿ ಕಾಯ್ದೆಗಳ ವಿಶೇಷ ಕಲಂಗಳನ್ನು ಮಾತ್ರ ಈ ಸಂಹಿತೆ ಮುಟ್ಟಿಲ್ಲ. ಹಾಗಾಗಿ ಮ್ಯಾಜಿಸ್ಟ್ರೇಟರ ಮುಂದೆ ಅರ್ಜಿ ಹಾಕಿದವರು ಇಲಾಖೆಯ ನೋಟಿಸಿಗೂ ಉತ್ತರ ಕೊಡಲೇಬೇಕು. ಇಲ್ಲವಾದರೆ ಬಿಡಿಸಿಕೊಂಡು ಬಂದ ಗಾಡಿಯೂ ಕೈತಪ್ಪಬಹುದು.