ಸ್ಟಂಟ್ ಚಿತ್ರಗಳ ಪ್ರಮೀಳಾ

ಸೌಂದರ್ಯ ಸ್ಪರ್ಧೆ ಗೆದ್ದವರ ಹೆಸರು ಹೇಳಿ ಎಂದರೆ ನಮ್ಮ ಮನೆಯ ಮಕ್ಕಳು ಸುಷ್ಮಿತಾ ಸೇನ್, ಐಶ್ವರ್ಯ ರೈ ಎನ್ನುತ್ತಾರೆ. ಐಶ್ವರ್ಯ ನಮ್ಮ ಮಂಗಳೂರಿನವಳು ಎಂದು ಸೇರಿಸುವುದನ್ನೂ ಮರೆಯುವುದಿಲ್ಲ. ವಯಸ್ಸಾದ ನಾವು 1966ರಲ್ಲಿ ವಿಶ್ವಸುಂದರಿಯಾದ ಮುಂಬಯಿಯ ವೈದ್ಯ ವಿದ್ಯಾರ್ಥಿನಿ ರೀಟಾ ಫರಿಯಾ ಅವರವರೆಗೆ ಹೋಗಿ ನಿಲ್ಲುತ್ತೇವೆ. ಅದಕ್ಕೂ ಹಿಂದೆ, 1947ರಲ್ಲೇ, 'ಮಿಸ್ ಇಂಡಿಯಾ' ಕಿರೀಟ ಧರಿಸಿದ ಒಬ್ಬಾಕೆ ಇದೇ ಮುಂಬಯಿಯಲ್ಲಿ ಬಾಳಿ, 2006ರಲ್ಲಿ ಇಲ್ಲಿಯೇ ಕಣ್ಮುಚ್ಚಿದರು. ತೆರೆಯ ಮೇಲೆ ಅವರ ಹೆಸರು ಪ್ರಮೀಳಾ. ತಾಯಿತಂದೆ ಇಟ್ಟದ್ದು ಎಸ್ತರ್ ವಿಕ್ಟೋರಿಯಾ ಅಬ್ರಹಾಂ.

1916ರ ಡಿಸೆಂಬರಿನಲ್ಲಿ ಕಲ್ಕತ್ತೆಯ ಒಂದು ಬಾಗ್ದಾದಿ ಯಹೂದಿ ಕುಟುಂಬದಲ್ಲಿ ಹುಟ್ಟಿದವರು ಎಸ್ತರ್. ವ್ಯಾಪಾರಕ್ಕೆಂದು ಬಾಗ್ದಾದಿನಿಂದ ಬಂದು ಕಲ್ಕತ್ತೆ, ಮುಂಬಯಿಗಳಲ್ಲಿ ನೆಲೆಸಿದ ಜನ ಇವರು. ಎಸ್ತರ್ ಚೆನ್ನಾಗಿ ಓದಿದರು, ಹಾಕಿ ಆಡಿದರು, ಚಿಕ್ಕ ಮಕ್ಕಳಿಗೆ ಪಾಠವನ್ನೂ ಹೇಳಿದರು. ಆದರೆ ಹದಿನೇಳನೆಯ ವಯಸ್ಸಿಗೆ ಮನೆ ಬಿಟ್ಟು ಊರೂರು ತಿರುಗುವ ಪಾರ್ಸಿ ನಾಟಕ ಕಂಪನಿ ಸೇರಿಬಿಟ್ಟರು. ಅಲ್ಲಿ ಅವರಿಗೆ ಸಿಕ್ಕ ಕೆಲಸ ವಿಚಿತ್ರವಾದದ್ದು. ಸಿನಿಮಾ ತೋರಿಸುವಾಗ ಒಂದು ರೀಲು ಮುಗಿದು ಇನ್ನೊಂದನ್ನು ಯಂತ್ರಕ್ಕೆ ಏರಿಸುವಷ್ಟು ಹೊತ್ತು ಪರದೆ ಬರಿದಾಗಿರುತ್ತಿತ್ತು. ಜನ ಸಿಳ್ಳೆ ಹೊಡೆದು ಗದ್ದಲವೆಬ್ಬಿಸುವ ಮೊದಲೇ ವೇದಿಕೆಗೆ ಬಂದು ಕುಣಿದು, ರೀಲು ಸಿದ್ಧವಾದೊಡನೆ ಮರೆಯಾಗಬೇಕು. ಸಿನಿಮಾಕ್ಕೂ ಆಕೆಗೂ ಗಂಟುಬಿದ್ದದ್ದು ಹೀಗೆ.

ಯಹೂದಿ ಹುಡುಗಿಯೊಬ್ಬಳು ಹಿಂದಿ ಚಿತ್ರಕ್ಕೆ ಬಂದದ್ದು ಆಗ ಸೋಜಿಗವಾಗಿರಲಿಲ್ಲ. 1913ರಲ್ಲಿ ಫಾಲ್ಕೆಯವರು 'ರಾಜಾ ಹರಿಶ್ಚಂದ್ರ' ತೆಗೆದಾಗ ತಾರಾಮತಿಯ ವೇಷಕ್ಕೆ ಹೆಂಗಸು ಸಿಗದೆ ಹೋಟೆಲಿನಲ್ಲಿ ಅಡುಗೆ ಮಾಡುತ್ತಿದ್ದ ಸಾಳುಂಕೆ ಎಂಬ ತರುಣನಿಗೆ ಸೀರೆ ಉಡಿಸಬೇಕಾಯಿತು. ನಮ್ಮ ನಾಟಕ ಕಂಪನಿಗಳಲ್ಲೂ ಗಂಡಸರೇ ಸ್ತ್ರೀ ಪಾರ್ಟು ಮಾಡುತ್ತಿದ್ದ ಕಾಲ ಅದು. ಮರ್ಯಾದಸ್ಥರು ಎನಿಸಿಕೊಂಡ ಮನೆಗಳು ಹೆಣ್ಣುಮಕ್ಕಳಿಗೆ ಬಾಗಿಲು ಮುಚ್ಚಿದ್ದವು. ಆ ಜಾಗವನ್ನು ತುಂಬಿದವರಲ್ಲಿ ಯಹೂದಿ ಮತ್ತು ಆಂಗ್ಲೋ-ಇಂಡಿಯನ್ ತರುಣಿಯರು ಬಹಳ ಮಂದಿ. ಟೆಲಿಫೋನ್ ಆಪರೇಟರಾಗಿದ್ದ ರೂಬಿ ಮೈಯರ್ಸ್ 'ಸುಲೋಚನಾ' ಆಗಿ ಮೂಕಿ ಚಿತ್ರಗಳ ರಾಣಿಯಂತೆ ಮೆರೆದರು. ಮಾತಿನ ಚಿತ್ರ ಬಂದಾಗ ಆಕೆಯೂ ಹಿಂದಿ ಕಲಿಯಲು ಕೂರಬೇಕಾಯಿತು.

ಎಸ್ತರ್ ಮುಂಬಯಿಗೆ ಬಂದದ್ದು ನಟಿಯಾಗಿದ್ದ ಸೋದರ ಸಂಬಂಧಿ ರೋಸ್‌ಳನ್ನು ನೋಡಲೆಂದು. ಎತ್ತರದ ನಿಲುವು, ಚೂಪಾದ ಮುಖ. ಸ್ಟುಡಿಯೋದವರ ಕಣ್ಣಿಗೆ ಬೀಳಲು ತಡವಾಗಲಿಲ್ಲ. 'ಪ್ರಮೀಳಾ' ಎಂದು ಹೆಸರಿಟ್ಟವರು ಕೊಲ್ಹಾಪುರದ ಬಾಬುರಾವ್ ಪೆಂಢಾರ್ಕರ್ ಎನ್ನುತ್ತಾರೆ. 1935ರ 'ಭಿಕಾರನ್' ಚಿತ್ರ ತಯಾರಾದದ್ದೂ ಕೊಲ್ಹಾಪುರದ ಸಂಸ್ಥೆಯಲ್ಲಿಯೇ. ಈ ಊರಿನ ಹೆಸರು ಬಂದಾಗ ಕನ್ನಡಿಗರಾದ ನಾವು ಒಂದು ಗಳಿಗೆ ನಿಲ್ಲದಿರಲಾರೆವು: ನಮ್ಮ ಮೊದಲ ವಾಕ್ಚಿತ್ರ 'ಸತಿ ಸುಲೋಚನಾ' 1934ರಲ್ಲಿ ತೆರೆ ಕಂಡದ್ದು ಕೊಲ್ಹಾಪುರದ ಛತ್ರಪತಿ ಸಿನೆಟೋನಿನಲ್ಲಿ ಚಿತ್ರೀಕರಣಗೊಂಡೇ.

ಮುಂದೆ 'ಮದರ್ ಇಂಡಿಯಾ' (1938, ಮೆಹಬೂಬರ 1957ರ ಚಿತ್ರ ಬೇರೆ), 'ಬಿಜಲಿ', 'ಜಂಗಲ್ ಕಿಂಗ್', 'ಉಲ್ಟಿ ಗಂಗಾ' ಹೀಗೆ ಸುಮಾರು ಮೂವತ್ತು ಚಿತ್ರಗಳು. ಹೆಸರುಗಳೇ ಜಾತಿಯನ್ನು ಹೇಳುತ್ತವೆ. 1935ರಲ್ಲಿ ವಾಡಿಯಾ ಸಹೋದರರ 'ಹಂಟರ್‌ವಾಲಿ' ಬಂದು ಚಾಟಿ ಹಿಡಿದ ನಾಡಿಯಾಗೆ ಜನ ಮುಗಿಬಿದ್ದ ಮೇಲೆ ಕುದುರೆ ಏರುವ, ಕತ್ತಿ ಬೀಸುವ ನಾಯಕಿಯರಿಗೆ ಬೇಡಿಕೆ ಬಂದಿತ್ತು. ಇಂಥವನ್ನು ವಿಮರ್ಶಕರು ಬಿ ದರ್ಜೆ, ಸಿ ದರ್ಜೆ ಎಂದು ಕರೆದು ಕೈತೊಳೆದುಕೊಂಡರು. ಕಡಿಮೆ ಹಣದಲ್ಲಿ, ಕೆಲವೇ ವಾರಗಳಲ್ಲಿ ಮುಗಿಯುವ ಚಿತ್ರಗಳು ನಿಜ. ಆದರೆ ಸಣ್ಣ ಊರುಗಳ ಟೂರಿಂಗ್ ಟಾಕೀಸಿನಲ್ಲಿ ಗಾಂಧಿ ಕ್ಲಾಸಿನ ನೆಲದ ಮೇಲೆ ಕುಳಿತ ಜನ ಕಾಸು ಕೊಟ್ಟದ್ದು ಇವಕ್ಕೇ. ಸ್ಟುಡಿಯೋಗಳ ದೀಪ ಉರಿದದ್ದರಲ್ಲಿ ಆ ಕಾಸಿನ ಪಾಲು ಸಣ್ಣದಲ್ಲ ಎಂಬುದು ನಮ್ಮ ಎಣಿಕೆ. ನಾಯಕಿ ಹೊಡೆದಾಡಿ ಗೆಲ್ಲುವುದನ್ನು ಈ ಪ್ರೇಕ್ಷಕ ತಕರಾರಿಲ್ಲದೆ ಒಪ್ಪಿಕೊಂಡ. ಕಣ್ಣೀರಿನ ಗೃಹಿಣಿಯನ್ನು ಬಯಸಿದವರು ಮೇಲಿನ ಕುರ್ಚಿಗಳವರು.

ದೊಡ್ಡ ಸಂಸ್ಥೆಗಳಲ್ಲಿ ಪ್ರಮೀಳಾಗೆ ಸಿಕ್ಕದ್ದು ಎರಡನೆಯ ಸಾಲಿನ ಪಾತ್ರ. ಬಾಂಬೆ ಟಾಕೀಸಿನ 'ಬಸಂತ್' (1942) ಅಂಥದ್ದು. ಅದರಲ್ಲಿ ಪುಟ್ಟ ಮಗುವಿನ ಪಾತ್ರ ಮಾಡಿದವಳು ಮುಂದೆ ಮಧುಬಾಲಾ ಆದಳು. ಉಡುಪು, ಒಡವೆಗಳನ್ನು ಪ್ರಮೀಳಾ ತಾವೇ ರೂಪಿಸಿಕೊಳ್ಳುತ್ತಿದ್ದರು. ಪತ್ರಿಕೆಗಳ ಮುಖಪುಟಕ್ಕೆ ಅವರ ಚಿತ್ರ ಬೇಕಾಗುತ್ತಿದ್ದುದಕ್ಕೆ ಇದೂ ಕಾರಣ. 'ಸಿಲ್ವರ್' ಹೆಸರಿನ ಸಂಸ್ಥೆಯಿಂದ ಹದಿನಾರು ಚಿತ್ರ ತಯಾರಿಸಿದರೆಂದು ಲೆಕ್ಕ. ಮೊದಲ ಚಿತ್ರ ನಿರ್ಮಾಪಕಿ ಇವರೇ ಎಂದು ಕೆಲವರು ಬರೆಯುತ್ತಾರೆ. ಅದನ್ನು ನಾವು ಒಪ್ಪೆವು, 1926ರಲ್ಲೇ ಫಾತ್ಮಾ ಬೇಗಂ, ಬಳಿಕ ನರ್ಗೀಸರ ತಾಯಿ ಜದ್ದನ್‌ಬಾಯಿ ಆ ಕೆಲಸ ಮಾಡಿದ್ದರು. ಇಲ್ಲದ ಹಿರಿಮೆಯನ್ನು ಹೊರಿಸದಿದ್ದರೂ ಪ್ರಮೀಳಾ ಬಾಳಿನ ತೂಕ ಕಡಿಮೆಯಾಗದು.

ಇನ್ನು 1947. ಆಗ ಪ್ರಮೀಳಾಗೆ ಮೂವತ್ತರ ಪ್ರಾಯ, ಮನೆಯಲ್ಲಿ ಮಕ್ಕಳಿದ್ದರು. ಮುಂದೆ ಬಹುಕಾಲ ಜಾರಿಯಲ್ಲಿದ್ದ ಸ್ಪರ್ಧೆಗಳ ನಿಯಮದ ಪ್ರಕಾರವಾಗಿದ್ದರೆ ಹೊಸ್ತಿಲನ್ನೂ ದಾಟಲಾಗುತ್ತಿರಲಿಲ್ಲ! 1952ರಲ್ಲಿ ಗೆದ್ದು ಅಮೆರಿಕಕ್ಕೆ ಹೋಗಿ ವಿಶ್ವಮಟ್ಟದ ಸ್ಪರ್ಧೆಯಲ್ಲಿ ನಿಂತ ನರ್ತಕಿ ಇಂದ್ರಾಣಿ ರೆಹಮಾನ್ ಅವರನ್ನೇ ಮೊದಲಿಗರೆನ್ನುವವರೂ ಇದ್ದಾರೆ. (ಇಂದ್ರಾಣಿಯ ತಾಯಿ, ಅಮೆರಿಕದ ರಾಗಿಣಿ ದೇವಿ, ಮೈಸೂರಿನ ಜೆಟ್ಟಿ ತಾಯಮ್ಮನವರಲ್ಲಿ ನಾಟ್ಯ ಕಲಿತವರು.) ಸ್ವತಂತ್ರವಾದ ವರ್ಷವೇ 'ಭಾರತದ ಸುಂದರಿ' ಎಂದು ಕಿರೀಟ ಇಟ್ಟದ್ದು ಬಾಗ್ದಾದ್ ಮೂಲದ ಯಹೂದಿ ಹೆಣ್ಣಿನ ತಲೆಯ ಮೇಲೆ, ಅದೂ ಸ್ಟಂಟ್ ಚಿತ್ರಗಳ ನಟಿಗೆ. ಯಾರೂ ಅದನ್ನು ದೊಡ್ಡ ಸಂಗತಿಯೆಂದು ತಿಳಿದಂತಿಲ್ಲ.

ದೇಶ ಎರಡಾದ ಮೇಲೆ ಮಾತು ಬದಲಾಯಿತು. ಪ್ರಮೀಳಾರ ಪತಿ ಕುಮಾರ್ ಎಂದೇ ಹೆಸರಾದ ಸೈಯದ್ ಹಸನ್ ಅಲಿ ಜೈದಿ, ಹಳೆಯ ನಟ; 'ಮುಘಲ್-ಎ-ಆಜಂ' ಚಿತ್ರದ ಶಿಲ್ಪಿಯ ಪಾತ್ರದಲ್ಲಿ ಅವರನ್ನು ನಮ್ಮಲ್ಲಿ ಹಲವರು ನೋಡಿದ್ದೇವೆ. ಪ್ರಮೀಳಾ ತಮ್ಮ ಚಿತ್ರಗಳನ್ನು ಹಂಚಲು ಪಾಕಿಸ್ತಾನಕ್ಕೆ ಹೋಗಿಬರುತ್ತಿದ್ದರು. ಮೊದಲು ಒಂದೇ ಮಾರುಕಟ್ಟೆಯಾಗಿದ್ದ ಲಾಹೋರ್, ಕರಾಚಿಗಳಿಗೆ ಈಗ ಗಡಿ ದಾಟಿ ಹೋಗಬೇಕಿತ್ತು. ಈ ಓಡಾಟವೇ ಸಂಶಯಕ್ಕೆ ಎಡೆಯಾಗಿ, ಮೊರಾರ್ಜಿ ದೇಸಾಯಿಯವರು ಮುಂಬಯಿಯಲ್ಲಿ ಅಧಿಕಾರದಲ್ಲಿದ್ದಾಗ ಗೂಢಚಾರಿಣಿಯೆಂಬ ಶಂಕೆಯ ಮೇಲೆ ಅವರನ್ನು ಬಂಧಿಸಲಾಯಿತು. ಹೋದದ್ದು ಸಿನಿಮಾ ವ್ಯವಹಾರಕ್ಕೆ ಎಂದು ರುಜುವಾದ ಮೇಲೆಯೇ ಬಿಡುಗಡೆ. ಕಿರೀಟ ಇಟ್ಟದ್ದೂ, ಬೇಹುಗಾರಳೆಂದು ಹಿಡಿದದ್ದೂ ಒಂದೇ ದೇಶ.

1963ರಲ್ಲಿ ಕುಮಾರ್ ಪಾಕಿಸ್ತಾನಕ್ಕೆ ಹೊರಟುಹೋದರು. ಜೊತೆಗೆ ಅವರ ಮೊದಲ ಸಂಸಾರ. ಪ್ರಮೀಳಾ ಹೋಗಲಿಲ್ಲ. ನಟನೆ ಎರಡು ವರ್ಷ ಹಿಂದೆ 'ಮುರಾದ್' ಚಿತ್ರಕ್ಕೇ ನಿಂತಿತ್ತು. ಐದು ಮಕ್ಕಳನ್ನು ಕಟ್ಟಿಕೊಂಡು ಮುಂಬಯಿಯಲ್ಲಿಯೇ ಉಳಿದರು. ಆ ಮಕ್ಕಳಲ್ಲಿ ನಕೀ ಜಹಾನ್ 1967ರಲ್ಲಿ ತಾನೂ ಮಿಸ್ ಇಂಡಿಯಾ ಆದಳು. ತಾಯಿ, ಮಗಳು ಇಬ್ಬರೂ ಗೆದ್ದ ಇನ್ನೊಂದು ಜೋಡಿ ಇಲ್ಲ. ಮಗ ಹೈದರ್ ಅಲಿಯನ್ನು ದೂರದರ್ಶನದ 'ನುಕ್ಕಡ್' ಧಾರಾವಾಹಿಯಲ್ಲಿ ಮನೆಮನೆಯೂ ನೋಡಿತು, ಅವನ ತಾಯಿ ಯಾರೆಂದು ತಿಳಿಯದೆಯೇ.

ಪ್ರಮೀಳಾರ ಚಿತ್ರಗಳನ್ನು ಇಂದು ನೋಡೋಣವೆಂದರೆ ಸಿಗುವುದು ಕಷ್ಟ. ಆ ಕಾಲದ ನೈಟ್ರೇಟ್ ಫಿಲ್ಮ್ ಬೇಗ ಹಾಳಾಗುವಂಥದ್ದು, ಕಿಡಿ ತಗುಲಿದರೆ ಭಗ್ಗೆಂದು ಹತ್ತಿಕೊಳ್ಳುವಂಥದ್ದು. 2003ರ ಜನವರಿಯಲ್ಲಿ ಪುಣೆಯಲ್ಲಿ ಕೂಡಿಟ್ಟಿದ್ದ ಎಷ್ಟೋ ಹಳೆಯ ಚಿತ್ರಗಳು ಹಾಗೆಯೇ ಬೂದಿಯಾದವು. ಅದರಲ್ಲೂ ಸ್ಟಂಟ್ ಚಿತ್ರವೆಂದರೆ ಕಾಪಿಡಬೇಕೆಂದು ಯಾರಿಗೂ ಅನ್ನಿಸಿರಲಿಲ್ಲ.

ಕೊನೆಯದಾಗಿ ಅವರು ಕ್ಯಾಮರಾದ ಮುಂದೆ ಬಂದದ್ದು ಅಮೋಲ್ ಪಾಲೇಕರರ 2006ರ ಮರಾಠಿ ಚಿತ್ರ 'ಥಾಂಗ್'ನಲ್ಲಿ, 'ಮುರಾದ್' ಕಳೆದು ನಾಲ್ಕು ದಶಕಗಳಿಗೂ ಮೀರಿದ ಮೇಲೆ. ಅದೇ ವರ್ಷ ಆಗಸ್ಟ್ 6ರಂದು ತೀರಿಕೊಂಡರು.