ಪರ್ಯಾಯ ಸಿನಿಮಾಕ್ಕೆ ನಟಿಯರು ಬಂದ ದಾರಿ

ಕನ್ನಡದ ಪರ್ಯಾಯ ಸಿನಿಮಾದ ಚರಿತ್ರೆಯನ್ನು ನಿರ್ದೇಶಕರ ಹೆಸರು ಹಿಡಿದು ಹೇಳುವುದು ರೂಢಿ. ನಟಿಯರ ಕಡೆಯಿಂದ ನೋಡಿದರೆ ಬೇರೆಯೇ ಕಥೆ ಕಾಣುತ್ತದೆ. ಈ ಸಿನಿಮಾ ತಾನೇ ನಟಿಯರನ್ನು ಬೆಳೆಸಿದ್ದು ಕಡಿಮೆ. ಬೇರೆಡೆ ಬೆಳೆದವರನ್ನು ಕರೆತಂದದ್ದೇ ಹೆಚ್ಚು.

‘ಸಂಸ್ಕಾರ’ದ (1970) ಚಂದ್ರಿ ಸ್ನೇಹಲತಾ ರೆಡ್ಡಿ ಮದರಾಸಿನ ಇಂಗ್ಲಿಷ್ ರಂಗಭೂಮಿಯವರು. ತುರ್ತುಪರಿಸ್ಥಿತಿಯಲ್ಲಿ ಸೆರೆಮನೆ ಕಂಡು, ಬಿಡುಗಡೆಯಾದ ಬೆನ್ನಿಗೇ 1977ರಲ್ಲಿ ತೀರಿಕೊಂಡರು. ‘ಕಾಡು’ (1973) ಚಿತ್ರಕ್ಕೆ ನಂದಿನಿ ಭಕ್ತವತ್ಸಲ ಅವರಿಗೆ ಶ್ರೇಷ್ಠ ನಟಿ ರಾಷ್ಟ್ರಪ್ರಶಸ್ತಿ ಬಂತು. ಆಮೇಲೆ ಅವರು ತೆರೆಯ ಮೇಲೆ ಕಂಡದ್ದೇ ಅಪರೂಪ. ‘ವಂಶವೃಕ್ಷ’ದ (1971) ಕಾತ್ಯಾಯನಿಯಾಗಿದ್ದ ಎಲ್.ವಿ. ಶಾರದಾ, ಪ್ರೇಮಾ ಕಾರಂತರ ‘ಫಣಿಯಮ್ಮ’ದಲ್ಲಿ (1983) ಮತ್ತೊಂದು ದೊಡ್ಡ ಪಾತ್ರ ಮಾಡಿದರು. ವರ್ಷಕ್ಕೆ ಬೆರಳೆಣಿಕೆಯ ಚಿತ್ರಗಳು, ಅವಕ್ಕೂ ಬಿಗಿಯಾದ ಬಜೆಟ್. ಅದನ್ನೇ ನಂಬಿ ಬದುಕುವ ಹಾಗಿರಲಿಲ್ಲ.

ಮುಂದಿನ ಘಟ್ಟದಲ್ಲಿ ಬಾಗಿಲು ತೆರೆದದ್ದು ಮುಖ್ಯವಾಹಿನಿಯ ಕಡೆಯಿಂದ. ಕಮರ್ಷಿಯಲ್ ಚಿತ್ರಗಳಲ್ಲಿ ಪಳಗಿದ ತಾರಾ, ‘ಕಾನೂರು ಹೆಗ್ಗಡಿತಿ’, ‘ಮುನ್ನುಡಿ’ ದಾಟಿ ನಿರ್ದೇಶಕ ಗಿರೀಶ ಕಾಸರವಳ್ಳಿಯವರ ‘ಹಸೀನಾ’ಕ್ಕೆ ಬಂದರು. ಬಾನು ಮುಷ್ತಾಕ್ ಅವರ ಕಥೆ ಆಧರಿಸಿದ ಆ ಚಿತ್ರ 2004ನೇ ಸಾಲಿನ ಶ್ರೇಷ್ಠ ನಟಿ ರಾಷ್ಟ್ರಪ್ರಶಸ್ತಿ ತಂದುಕೊಟ್ಟಿತು.

ಈ ದಾರಿಯ ಪೂರ್ಣ ಉದಾಹರಣೆ ಉಮಾಶ್ರೀ. ರಂಗದ ಮೇಲೆ ದೇವನೂರ ಮಹಾದೇವರ ‘ಒಡಲಾಳ’ದ ಸಾಕವ್ವನಾಗಿ, ಕಳೆದುಹೋದ ಹುಂಜಕ್ಕಾಗಿ ಊರು ಅರಸುವ ಮುದುಕಿಯಾಗಿ ಹೆಸರಾದವರು. ಸಿನಿಮಾದಲ್ಲಿ ‘ಅನುಭವ’ದ (1984) ನಂತರ ಅವರ ಪಾಲಿಗೆ ಬಂದದ್ದು ಬಹುಪಾಲು ಹಾಸ್ಯ, ದ್ವಂದ್ವಾರ್ಥದ ಮಾತಿಗೂ ಕೊರತೆಯಿರಲಿಲ್ಲ. ವೈದೇಹಿಯವರ ಕಥೆಯಿಂದ ಹುಟ್ಟಿದ ‘ಗುಲಾಬಿ ಟಾಕೀಸ್’ (2008) ಅದೇ ಪಳಗಿದ ಮೈಯನ್ನು ಬೇರೆ ಕೆಲಸಕ್ಕೆ ಹಚ್ಚಿತು. ಕುಂದಾಪುರದ ಕಡೆಯ ಮೀನುಗಾರರ ನಡುವೆ ಬದುಕುವ ಸೂಲಗಿತ್ತಿ ಗುಲಾಬಿಗೆ ಸಿನಿಮಾ ಹುಚ್ಚು. ಒಂದು ಹೆರಿಗೆಯ ಋಣಕ್ಕೆ ಮನೆಗೆ ಟಿ.ವಿ. ಬರುತ್ತದೆ, ಕೇರಿಯ ಹೆಂಗಸರು ಸೇರುತ್ತಾರೆ. ಗುಲಾಬಿ ಮುಸ್ಲಿಂ ಆದ್ದರಿಂದ ಕಾರ್ಗಿಲ್ ಯುದ್ಧಕಾಲದ ದ್ವೇಷ ಅದೇ ಮನೆಗೆ ನುಗ್ಗುತ್ತದೆ. ಉಮಾಶ್ರೀ ಅವಳನ್ನು ಕಣ್ಣೀರಿನ ಹೆಂಗಸಾಗಿಸಲಿಲ್ಲ. ಹಾಸ್ಯಪಾತ್ರಗಳಲ್ಲಿ ಕಲಿತ ಚುರುಕು, ಆಸೆಬುರುಕ ಕುತೂಹಲ ಎಲ್ಲವನ್ನೂ ಕೊಟ್ಟರು. ಅದಕ್ಕೇ ಅವಳು ಒಂಟಿಯಾಗುವುದು ನಮ್ಮನ್ನು ತಾಕುತ್ತದೆ. ರಾಷ್ಟ್ರಪ್ರಶಸ್ತಿ ಅವರಿಗೂ ಬಂತು.

ಈಚಿನ ತಿರುವು ಎರಡು ದಿಕ್ಕಿನದು. ರಂಗಭೂಮಿಯಿಂದ ಬಂದ ಅಕ್ಷತಾ ಪಾಂಡವಪುರ ‘ಪಿಂಕಿ ಎಲ್ಲಿ?’, ‘ಕೋಳಿ ಎಸ್ರು’ ಚಿತ್ರಗಳಲ್ಲಿ ಮತ್ತೆ ಮತ್ತೆ ಕಾಣುತ್ತಿದ್ದಾರೆ. ಇನ್ನೊಂದೆಡೆ, ಲೊಕಾರ್ನೊ ಚಿತ್ರೋತ್ಸವದಲ್ಲಿ ಗೆದ್ದ ‘ತಿಥಿ’ (2015) ಮಂಡ್ಯ ಸೀಮೆಯ ಹಳ್ಳಿಗರನ್ನೇ ಪಾತ್ರವಾಗಿಸಿತು. ಆ ಸಹಜತೆ ಮೆಚ್ಚುವಂಥದ್ದೇ. ಆದರೆ ಹಳ್ಳಿಯ ಹೆಂಗಸು ಒಂದು ಚಿತ್ರದಲ್ಲಿ ಮಿಂಚಿ ತನ್ನ ಕೆಲಸಕ್ಕೆ ಮರಳಿದರೆ, ಎಪ್ಪತ್ತರ ದಶಕದ ಒಂದೇ ಚಿತ್ರದ ಬಾಳು ಮರುಕಳಿಸಿದಂತೆಯೇ.

ಉಮಾಶ್ರೀ ಇಂದು ಮನೆಮಾತಾಗಿರುವುದು 2021ರಲ್ಲಿ ಶುರುವಾದ ‘ಪುಟ್ಟಕ್ಕನ ಮಕ್ಕಳು’ ಧಾರಾವಾಹಿಯಿಂದ. ಇದನ್ನು ಇಳಿತ ಎನ್ನುವವರು ಲೆಕ್ಕ ತಪ್ಪುತ್ತಾರೆ. ನಾಟಕ, ಧಾರಾವಾಹಿ, ಕಮರ್ಷಿಯಲ್ ಚಿತ್ರಗಳು ಇಂಥ ನಟಿಯರಿಗೆ ಅನ್ನವನ್ನೂ ಅಭ್ಯಾಸವನ್ನೂ ಕೊಡುತ್ತಿರುವುದರಿಂದಲೇ ಪರ್ಯಾಯ ಸಿನಿಮಾಕ್ಕೆ ಆಗೊಮ್ಮೆ ಈಗೊಮ್ಮೆ ಒಬ್ಬ ಗುಲಾಬಿ ಸಿಗುತ್ತಾಳೆ.