ದೊರೆಯ ಶಯ್ಯಾಗೃಹ

ಮನೆಯೊಳಗೆ ನಾವು ಬರಿಮೈಯಲ್ಲಿ ಕುಳಿತಿರುತ್ತೇವೆ. ಬಾಗಿಲಲ್ಲಿ ಯಾರೋ ಕೂಗಿದೊಡನೆ ಅಂಗವಸ್ತ್ರಕ್ಕಾಗಿ ತಡಕಾಡುತ್ತೇವೆ. ಫ್ರಾನ್ಸಿನ ದೊರೆಯಾದ ಹದಿನಾಲ್ಕನೆಯ ಲೂಯಿಗೆ ಈ ಅವಸರವು ಒದಗುತ್ತಿರಲಿಲ್ಲ. ಆತನಿಗೆ ಒಳಮನೆಯೆಂಬುದೇ ಇಲ್ಲವೆನ್ನುವಂತಿದ್ದಿತು.

1682ರಲ್ಲಿ ಆತನು ಆಸ್ಥಾನವನ್ನು ವರ್ಸೇಲ್ಸ್ ಅರಮನೆಗೆ ಸಾಗಿಸಿದನು. ಅಲ್ಲಿ ದೊರೆಯು ಏಳುವುದೂ ಒಂದು ದರ್ಬಾರು, ಮಲಗುವುದೂ ಒಂದು ದರ್ಬಾರು. ಅಂಗಿಯನ್ನು ಎತ್ತಿಕೊಡುವುದು ರಾಜವಂಶದವರ ಹಕ್ಕು. ದೊರೆಯು ಶೌಚಪೀಠದ ಮೇಲೆ ಕುಳಿತಿರುವಾಗ ಸಮೀಪಕ್ಕೆ ಹೋಗುವುದಕ್ಕೂ ಸನ್ನದು ಬೇಕು; ಅದನ್ನು ಪಡೆಯುವುದೊಂದು ದೊಡ್ಡ ಮರ್ಯಾದೆ! ಇಷ್ಟನ್ನು ಮರೆಮಾಡದವನು ಟೋಪನ್ನಿಲ್ಲದ ತನ್ನ ತಲೆಯನ್ನು ಮಾತ್ರ ಯಾರಿಗೂ ತೋರಿಸುತ್ತಿರಲಿಲ್ಲ. ಔಷಧವನ್ನು ಸೇವಿಸಿ ಹಾಸಿಗೆ ಹಿಡಿದ ದಿನಗಳಲ್ಲಿಯೂ ಒಂದು ಗಿಡ್ಡ ಟೋಪನ್ನು ತಲೆಯ ಮೇಲೆ ಇದ್ದೇ ಇರುತ್ತಿದ್ದಿತೆಂದು ಆಸ್ಥಾನಿಕನಾದ ಸೇಂಟ್ ಸೈಮನ್ ಬರೆದಿಟ್ಟಿದ್ದಾನೆ.

1686ರಲ್ಲಿ ಈ ವೈಭವಕ್ಕೆ ಕಠಿನವಾದ ಪರೀಕ್ಷೆಯು ಬಂದಿತು. ದೊರೆಗೆ ಭಗಂದರವಾಯಿತು. ಬೇರೆ ಚಿಕಿತ್ಸೆಗಳಿಂದ ಗುಣ ಕಾಣಲಿಲ್ಲ; ಶಸ್ತ್ರವೇ ಗತಿಯೆಂದಾಯಿತು. ಅರಿವಳಿಕೆಯಿಲ್ಲದ ಕಾಲವದು. ರಾಜಶಸ್ತ್ರವೈದ್ಯನಾದ ಫೆಲಿಕ್ಸನು, ಕೈ ಪಳಗಲೆಂದು, ಪ್ಯಾರಿಸಿನ ಆಸ್ಪತ್ರೆಗಳ ಬಡರೋಗಿಗಳ ಮೇಲೆ ತಿಂಗಳುಗಟ್ಟಲೆ ಅಭ್ಯಾಸ ಮಾಡಿದನು. ದೊರೆಯೊಬ್ಬನ ಸಂಕಟವು ಗುಟ್ಟಾಗಿರುವಾಗ ಯಾರ ಯಾರ ದೇಹಗಳು ಎಷ್ಟೆಷ್ಟು ನೊಂದವೋ! ಕಥೆಯ ಈ ಭಾಗದಲ್ಲಿ ನಮಗೆ ನಗು ಬರುವುದಿಲ್ಲ.

ನವೆಂಬರ್ 18ರ ಬೆಳಿಗ್ಗೆ ಶಸ್ತ್ರಪ್ರಯೋಗವು ನಡೆಯಿತು. ನಿತ್ಯವೂ ನೂರಾರು ಕಣ್ಣುಗಳ ಮುಂದೆ ಅಂಗಿ ತೊಡುತ್ತಿದ್ದವನ ಬಳಿ ಆ ಹೊತ್ತು ಇದ್ದವರು ಬೆರಳೆಣಿಕೆಯಷ್ಟು ಮಂದಿ: ವೈದ್ಯರು, ಪಾದ್ರಿ, ಮಂತ್ರಿ ಲೂವ್ವಾ, ಮತ್ತು ದೊರೆಯು ಗುಟ್ಟಾಗಿ ಮದುವೆಯಾಗಿದ್ದನೆಂದು ಇತಿಹಾಸಕಾರರು ನಂಬುವ ಮದಾಂ ದ ಮ್ಯಾಂತೆನಾನ್. ಅರಮನೆಯ ಉಳಿದವರಿಗೆ ಸುದ್ದಿಯು ತಿಳಿದದ್ದು ಕೆಲಸ ಮುಗಿದ ಮೇಲೆ. 48 ವರ್ಷದ ದೊರೆಯು ನೋವನ್ನು ನುಂಗಿಕೊಂಡು ಅದೇ ದಿನ ಮಂತ್ರಾಲೋಚನೆಯನ್ನೂ ನಡೆಸಿದನು. ಆ ಧೈರ್ಯವನ್ನು ನಾವು ಮೆಚ್ಚಲೇಬೇಕು.

ಆದರೆ ಮುಂದೆ ನಡೆದುದೇ ಸೊಗಸು. ಅದುವರೆಗೆ ಈ ವ್ಯಾಧಿಯನ್ನು ನಾಚಿಕೆಯಿಂದ ಮುಚ್ಚಿಡುತ್ತಿದ್ದ ಆಸ್ಥಾನಿಕರು ಈಗ ಅದನ್ನು ಬಿರುದಿನಂತೆ ಹೇಳಿಕೊಳ್ಳತೊಡಗಿದರು. ವ್ಯಾಧಿಯೇ ಇಲ್ಲದವರೂ ಬಂದರು. 30ಕ್ಕೂ ಹೆಚ್ಚು ಮಂದಿ ತಮಗೂ ಆ ಶಸ್ತ್ರಪ್ರಯೋಗವೇ ಆಗಬೇಕೆಂದು ಬೇಡಿದರೆಂದು ಡಿಯೋನಿಸ್ ಎಂಬ ಶಸ್ತ್ರವೈದ್ಯನು ಹೇಳುತ್ತಾನೆ. "ನಿಮಗೆ ಅದರ ಅವಶ್ಯಕತೆಯಿಲ್ಲ" ಎಂದರೆ, ಪಾಪ, ಅವರು ಬೇಸರಪಟ್ಟುಕೊಳ್ಳುತ್ತಿದ್ದರಂತೆ.